ಕೇಬಲ್ ಕತ್ತರಿಸಿ ಫೋಟೊ ಹೊಡಿಸ್ಕೊಂಡ್ರೆ ಮುಗೀತೇನ್ರಿ?

ಮಾನ್ಯರೇ,

ಕಂಬದ ಮೇಲಿನ ಟಿವಿ-ಇಂಟರ್ನೆಟ್ ಕೇಬಲ್ ತೆರವು ಮಾಡಿದ ಸುದ್ದಿ ನಿಮ್ಮ ಪೇಪರಿನಾಗ ಫೋಟೊ ಸಮೇತ ಓದಿದ್ವಿ. ಸಾಹೇಬ್ರು ಸೊಂಟದ ಮ್ಯಾಲೆ ಕೈ ಇಟ್ಕೊಂಡು ನಿಂತಾರ, ಏಣಿ ಹತ್ತಿದಾಂವ ಕತ್ತರಿ ಹಾಕಾಕತ್ತಾನ, ಭಾಳ ಚಂದ ಬಂದದ. ಕತ್ತರಿಸಿದ ವೈರ್ ಏನಾತು ಅಂತ ಮಾತ್ರ ಬರೀಲಿಲ್ಲ ನೋಡ್ರಿ. ನಮ್ಮ ನಿಜಲಿಂಗಪ್ಪ ಕಾಲೋನಿ ಮೂಲ್ಯಾಗ ಕಿರಾಣಿ ಅಂಗಡಿ ಮುಂದ ಸುರುಳಿ ಬಿದ್ದದ, ಒಂದು ತುದಿ ಇನ್ನೂ ಕಂಬಕ್ಕ ಜೋತಾಡ್ತದ, ಬೈಕಿನೋರು ತಲಿ ಬಗ್ಗಿಸಿ ದಾಟಬೇಕು. ಅಪಾಯ ಅಂತ ತೆಗದ್ರಂತ. ಮ್ಯಾಲಿದ್ದ ಅಪಾಯ ಕೆಳಗ ತಂದು ಹಾಕ್ಯಾರ ಅಷ್ಟ.

ಮೊದ್ಲು ಕೇಬಲ್ ಹೋದ್ರ ಟಿವಿ ಒಂದ ಹೋಗ್ತಿತ್ತು, ಈಗ ಟಿವಿ, ವೈಫೈ, ಹುಡುಗ್ರ ಆನ್‌ಲೈನ್ ಪಾಠ ಎಲ್ಲಾ ಒಂದ ಫೈಬರ್ ವೈರಿನಾಗ ಬರ್ತದ ಅಂತ ಇವ್ರಿಗೆ ಯಾರೂ ಹೇಳಿಲ್ಲೇನು? ಅವತ್ತ ರಾತ್ರಿ ಮ್ಯಾಚ್ ಬ್ಯಾರೆ. ಮಗ ಮೊಬೈಲ್ ಹಾಟ್‌ಸ್ಪಾಟ್ ಹಚ್ಚಿದ, ದಿನಕ್ಕ ಒಂದೂವರೆ ಜಿಬಿ ಪ್ಯಾಕು, ಹತ್ತು ಓವರ್ ಆಗೋದ್ರಾಗ ಖಲಾಸ್, ಆಮ್ಯಾಲೆ ತಿರುಗೋ ಚಕ್ರ ನೋಡ್ಕೋತ ಕುಂತ್ವಿ, ಡಿಶ್ ಇರೋ ಬಾಜು ಮನಿಯೋರು ಕೇಕೆ ಹಾಕಿದ್ರ ವಿಕೆಟ್ ಬಿತ್ತು ಅಂತ ತಿಳ್ಕೋಬೇಕು. 2023ರಾಗ ಐಪಿಎಲ್ ಮೊಬೈಲಿನಾಗ ಫ್ರೀ ತೋರಿಸಿ ರುಚಿ ಹಚ್ಚಿದ್ರು, ಈಗ ಆ್ಯಪಿಗೂ ರೊಕ್ಕ, ಡೇಟಾಕ್ಕೂ ರೊಕ್ಕ, ಕೇಬಲಿಗೂ ರೊಕ್ಕ.

ನಮ್ಮವ್ವನ ಸೀರಿಯಲ್ ಕಥಿ ಇನ್ನೊಂದು. ರೊಕ್ಕ ಕಟ್ಟಿದೋರಿಗೆ ಕೆಲವು ಆ್ಯಪಿನಾಗ ಟಿವಿಗಿಂತ ಮೊದ್ಲೇ ಎಪಿಸೋಡ್ ಬರ್ತದ, ಎದುರುಮನಿ ಅಕ್ಕೋರು ಮುಂಜಾನೆ ನಳದ ಮುಂದ ನಿಂತು ಸಂಜಿ ಕಥಿನೂ ಹೇಳಿಬಿಡ್ತಾರ, ಅವ್ವ ಬಂದು ನನ್ನ ಮ್ಯಾಲೆ ಹರಿಹಾಯ್ತಾಳ. ನಳದ ಮಾತು ಬಂತು ಅಂತ ಹೇಳ್ತೀನಿ, ಆಚಿ ಕಡೆ ಕೃಷ್ಣಾ ಈಚಿ ಕಡೆ ತುಂಗಭದ್ರಾ ಹರಿಯೋ ಜಿಲ್ಲಾದಾಗ ನೀರು ಯಾವಾಗ ಬಿಡ್ತಾರ ಅನ್ನೋದು ಆ ದೇವರಿಗೇ ಗೊತ್ತು, ಪೈಪಿಗೆ ಅಂತ ಅಗದ ರೋಡ್ ಹಂಗ ಬಿದ್ದದ. ಶಕ್ತಿನಗರದಾಗ 1720 ಮೆಗಾವಾಟಿನ ಸ್ಥಾವರ ಇಟ್ಕೊಂಡು ಸಂಜಿಗೆ ಕರೆಂಟ್ ಹೋದ್ರ ಆಫೀಸಿನ್ಯಾಗ ಫೋನ್ ಎತ್ತಿ ಬಾಜು ಇಡ್ತಾರ.

ಕೇಬಲಿನವನ್ನ ಕೇಳಿದ್ರ "ಸಾರ್, ಆಫೀಸಿನೋರನ್ನ ಕೇಳ್ರಿ" ಅಂತಾನ. ಕತ್ತರಿ ಹಾಕಿಸಿದ ಸಾಹೇಬ್ರ ಆಫೀಸಿಗೆ ಹೋದ್ರ "ಅನಧಿಕೃತ ಕೇಬಲ್, ಅವ್ರನ್ನ ಕೇಳ್ರಿ". ಅನಧಿಕೃತ ಇದ್ರ ಇಷ್ಟು ವರ್ಷ ಯಾರ ಕಣ್ಣಿಗೂ ಬೀಳಲಿಲ್ಲೇನು? 2019ರಾಗ 100 ಚಾನಲಿಗೆ 130 ರೂಪಾಯಿ, ಬೇಕಾದ್ದಕ್ಕಷ್ಟ ರೊಕ್ಕ ಕಟ್ರಿ ಅಂದಾಗ ಬಿಲ್ ಇಳೀತದ ಅಂದ್ಕೊಂಡಿದ್ವಿ. ಈಗ ಒಂದೂ ಚಾನಲ್ ಇಲ್ಲ, ತಿಂಗಳಿನ ಬಿಲ್ಲಿನ ಮೆಸೇಜ್ ಮಾತ್ರ ಟೈಮಿಗೆ ಬಂದದ.

ಕೂಡ್ಲೇ ವೈರ್ ಜೋಡಿಸ್ರಿ, ಇಲ್ಲಾ ಬಿದ್ದ ವೈರಾದ್ರೂ ಎತ್ತಿಸ್ರಿ, ರೋಡೂ ಮುಚ್ಚಿಸ್ರಿ. ಒಂದಿನ ಮೊದ್ಲು ಆಟೋದಾಗ ಮೈಕ್ ಕಟ್ಟಿ ಕೂಗಿಸಾಕ ಏನಾಗಿತ್ತು ಇವ್ರಿಗೆ? ಸಾಹೇಬ್ರ ಕ್ವಾಟ್ರಸ್ ಕಡೆ ಏಣಿ ಹೋಗಿಲ್ಲ ಬಿಡ್ರಿ, ಆರಾಮ ರೀಲ್ಸ್ ನೋಡ್ಕೋತ ಕುಂತಿರ್ತಾರ.

— ನೊಂದ ಗ್ರಾಹಕ, ನಿಜಲಿಂಗಪ್ಪ ಕಾಲೋನಿ, ರಾಯಚೂರು