ಎನಿಗ್ಮಾ ಒಂದೇ ಅಲ್ಲ, ಲೊರೆಂಜ್ ಕೂಡ ಇತ್ತು

ಮಾನ್ಯ ಸಂಪಾದಕರೇ,

ಎರಡನೆಯ ಮಹಾಯುದ್ಧದ ಗೂಢಲಿಪಿಯ ಮಾತು ಬಂದಾಗಲೆಲ್ಲ ನಮ್ಮ ಪತ್ರಿಕೆಗಳು ಜರ್ಮನರ ಗೂಢಲಿಪಿ ಯಂತ್ರವಾದ ಎನಿಗ್ಮಾವನ್ನೂ ಅದನ್ನು ಭೇದಿಸಲು ದುಡಿದ ಗಣಿತಜ್ಞ ಅಲನ್ ಟ್ಯೂರಿಂಗ್ ಅವರನ್ನೂ ನೆನೆಯುತ್ತವೆ. ಅದು ನ್ಯಾಯವೇ. ಆದರೆ ಜರ್ಮನ್ ಸೇನೆಯ ಉನ್ನತಾಧಿಕಾರಿಗಳ ಸಂದೇಶಗಳಿಗೆ ಬಳಕೆಯಾಗುತ್ತಿದ್ದ, ಹನ್ನೆರಡು ಚಕ್ರಗಳ ಲೊರೆಂಜ್ ಎಂಬ ಇನ್ನೊಂದು ಗೂಢಲಿಪಿ ಯಂತ್ರವನ್ನು ಭೇದಿಸಿದವರ ಹೆಸರು ಕನ್ನಡದಲ್ಲಿ ಅಪರೂಪಕ್ಕೂ ಕೇಳಿಬರುವುದಿಲ್ಲವೆಂಬುದು ನನ್ನ ಕೊರಗು.

1941ರ ಆಗಸ್ಟ್ 30ರಂದು ಜರ್ಮನ್ ನಿರ್ವಾಹಕನೊಬ್ಬ ಸುಮಾರು 4,000 ಅಕ್ಷರಗಳ ಸಂದೇಶವನ್ನು, ಮೊದಲ ಸಲ ಸರಿಯಾಗಿ ತಲುಪದ ಕಾರಣ, ಚಕ್ರಗಳನ್ನು ಅದೇ ಆರಂಭಸ್ಥಿತಿಯಲ್ಲಿಟ್ಟು ಮತ್ತೆ ಕಳುಹಿಸಿದ. ಆಗ ಕೆಲವು ಪದಗಳನ್ನು ಮೊಟಕುಗೊಳಿಸಿದ. ಎರಡೂ ಅಕ್ಷರಶಃ ಒಂದೇ ಆಗಿದ್ದರೆ ಏನೂ ದಕ್ಕುತ್ತಿರಲಿಲ್ಲ. ಆ ಸಣ್ಣ ವ್ಯತ್ಯಾಸವನ್ನೇ ಹಿಡಿದು ಬ್ರಿಟನ್ನಿನ ಗೂಢಲಿಪಿ ಭೇದನ ಕೇಂದ್ರವಾದ ಬ್ಲೆಚ್ಲಿ ಪಾರ್ಕಿನ ಜಾನ್ ಟಿಲ್ಟ್‌ಮನ್ ಸಂದೇಶವನ್ನೂ, ಅದನ್ನು ಮರೆಮಾಚಲು ಯಂತ್ರ ಹೊರಡಿಸಿ ಬೆರೆಸಿದ್ದ ಕೀಲಿಯಕ್ಷರಗಳ ಸಾಲನ್ನೂ ಬಿಡಿಸಿದರು. ಆ ಕೀಲಿಯಕ್ಷರಗಳನ್ನು ಚೌಕುಳಿ ಕಾಗದದ ಮೇಲೆ ಸಾಲುಸಾಲಾಗಿ ಕೈಯಲ್ಲೇ ಬರೆಯುತ್ತ ಹೋದ ತರುಣ ಬಿಲ್ ಟಟ್ ಅವರಿಗೆ ಪ್ರತಿ 41 ಹೆಜ್ಜೆಗೊಮ್ಮೆ ಮರುಕಳಿಸುವ ಆವರ್ತನೆ ಗೋಚರಿಸಿತು. ಅಂದರೆ ಒಂದು ಚಕ್ರಕ್ಕೆ 41 ಸ್ಥಾನಗಳು. ಅಲ್ಲಿಂದ ಮುಂದೆ ಸಹೋದ್ಯೋಗಿಗಳೊಡನೆ ಸೇರಿ, ಯಂತ್ರವನ್ನು ಕಣ್ಣಿಂದ ನೋಡದೆಯೇ ಅದರ ಇಡೀ ರಚನೆಯನ್ನು ಅವರು ಕಂಡುಕೊಂಡದ್ದು ಗಣಿತದ ಅಸಾಮಾನ್ಯ ಸಾಧನೆ.

ಈ ಲಿಪಿಯನ್ನು ವೇಗವಾಗಿ ಒಡೆಯಲು ಬ್ರಿಟಿಷ್ ಅಂಚೆ ಇಲಾಖೆಯ ಎಂಜಿನಿಯರ್ ಟಾಮಿ ಫ್ಲವರ್ಸ್ ಸುಮಾರು 1,600 ವಾಲ್ವ್‌ಗಳ (ಎಲೆಕ್ಟ್ರಾನಿಕ್ ನಿರ್ವಾತ ನಳಿಕೆಗಳ) ಕೊಲೋಸಸ್ ಎಂಬ ಯಂತ್ರವನ್ನು ನಿರ್ಮಿಸಿದರು. 1944ರ ಆರಂಭದಲ್ಲಿ ಕಾರ್ಯಾರಂಭ ಮಾಡಿದ ಈ ಎಲೆಕ್ಟ್ರಾನಿಕ್ ಯಂತ್ರದ ವಿಷಯ 1970ರ ದಶಕದವರೆಗೂ ಗುಟ್ಟಾಗಿಯೇ ಉಳಿಯಿತು. ಹಾಗಾಗಿ ಗಣಕದ ಚರಿತ್ರೆಯನ್ನು ಬರೆದವರು ಬಹುಕಾಲ ಅದನ್ನು ಬಿಟ್ಟೇ ಬರೆದರು. ತಮ್ಮ ವಿಜ್ಞಾನ ಪುಟದಲ್ಲಿ ಟಟ್ ಮತ್ತು ಫ್ಲವರ್ಸ್ ಅವರ ಕುರಿತು, ಪ್ರೌಢಶಾಲೆಯ ಮಕ್ಕಳಿಗೂ ತಿಳಿಯುವಂತೆ, ಚಿತ್ರಸಹಿತ ಲೇಖನವೊಂದನ್ನು ಪ್ರಕಟಿಸಬೇಕೆಂದು ವಿನಂತಿಸುತ್ತೇನೆ.

– ನಿವೃತ್ತ ಗಣಿತ ಅಧ್ಯಾಪಕ, ಧಾರವಾಡ