ಶನಿವಾರದ ಗಣಿತ ತಾಸು ಮತ್ತು ಕಬ್ಬಿನ ತುಂಡುಗಳ ಕುರಿತು

ದ್ವಿತೀಯ ಪಿಯುಸಿ ವಿಜ್ಞಾನ ವಿಭಾಗದ ಪಾಲಕರಿಗೆ ನಮಸ್ಕಾರ.

ಕಳೆದ ಶನಿವಾರ ಗಣಿತದ ತಾಸಿನಲ್ಲಿ ಮಕ್ಕಳು ಕಬ್ಬು ಹಿಡಿದುಕೊಂಡು ನಿಂತಿದ್ದರೆಂಬ ಸುದ್ದಿ ತಿಳಿದು ತಮ್ಮಲ್ಲಿ ಕೆಲವರು ಫೋನ್ ಮಾಡಿದಿರಿ, ಕೆಲವರು ಆಫೀಸಿಗೇ ಬಂದಿರಿ. "ಕಬ್ಬ ಕಡ್ಯಾಕ ಕಲ್ಸೂದಾದ್ರ ಕಾಲೇಜಿಗೆ ಯಾಕ ಕಳಸ್ಬೇಕ್ರಿ ಸರ, ಹೊಲ ಇಲ್ಲೇನು ನಮ್ದು?" ಎಂದು ಒಬ್ಬರು ಕೇಳಿದರು. ಮುಧೋಳ ಸೀಮೆಯಲ್ಲಿ ಈ ಪ್ರಶ್ನೆ ಬರದಿದ್ದರೇ ಆಶ್ಚರ್ಯಪಡಬೇಕಿತ್ತು.

ಸುರಕ್ಷತೆಯ ಮಾತು ಮೊದಲು ಮುಗಿಸುತ್ತೇನೆ. ಕಬ್ಬು ಕತ್ತರಿಸಿದವರು ಪ್ರಯೋಗಾಲಯದ ಸಹಾಯಕರು, ಅದೂ ಗರಗಸದಿಂದ. ಮಕ್ಕಳು ಮಾಡಿದ್ದು ಅಳೆಯುವ, ತೂಗುವ ಕೆಲಸ ಮಾತ್ರ. ಸಮವಸ್ತ್ರ ಅಂಟಂಟಾಗಿದ್ದು ನಿಜ. ತೂಕವಾದ ಮೇಲೆ ತುಂಡುಗಳು ಎಲ್ಲಿ ಹೋದವೆಂದು ನಾನು ವಿಚಾರಣೆ ನಡೆಸಿಲ್ಲ.

ಇನ್ನೊಂದು ದೂರು ಇದಕ್ಕಿಂತ ಗಟ್ಟಿಯಾದದ್ದು. ಸಿಇಟಿಯಲ್ಲಿ ಗಣಿತದ 60 ಪ್ರಶ್ನೆಗಳಿಗೆ 80 ನಿಮಿಷ. ಸೂತ್ರ ಹಾಕಿದರೆ ಒಂದು ನಿಮಿಷದಲ್ಲಿ ಬರುವ ಉತ್ತರಕ್ಕೆ ಎರಡು ತಾಸು ಏಕೆ? ನ್ಯಾಯವಾದ ಪ್ರಶ್ನೆ. ಸೂತ್ರ ಹಾಕುವುದು ನಮ್ಮ ಮಕ್ಕಳಿಗೆ ಬರುತ್ತದೆ. ಬಂದ ಉತ್ತರ ಏನು ಹೇಳುತ್ತಿದೆ ಎಂದು ಕೇಳಿದರೆ ಮಾತ್ರ ಇಡೀ ವರ್ಗ ತಲೆ ತಗ್ಗಿಸುತ್ತದೆ. ಪ್ರಶ್ನೆಯನ್ನು ಸ್ವಲ್ಪ ತಿರುಗಿಸಿ ಕೇಳಿದರೂ ಅಂಕ ಕೈತಪ್ಪುವುದು ಇಲ್ಲಿಯೇ.

ಅವತ್ತು ನಡೆದದ್ದನ್ನು ಹೇಳುತ್ತೇನೆ. ಎರಡು ಮೀಟರ್ ಉದ್ದದ ಕಬ್ಬು, ತೂಕ 1.2 ಕೆಜಿ. ಮೀಟರಿಗೆ 600 ಗ್ರಾಂ ಎಂದು ಯಾರಾದರೂ ಹೇಳಿಯಾರು. ಕಾರ್ಖಾನೆಯ ಕಾಟಾಕ್ಕೆ ಅಷ್ಟು ಸಾಕು, ಅಲ್ಲಿ ಬೇಕಾದದ್ದು ಒಟ್ಟು ತೂಕ. ಆದರೆ ಬುಡದ ಗಣಿಕೆ ದಪ್ಪ, ಸುಳಿಯ ಕಡೆಯದು ಸಣಕಲು. ಒಂದೇ ಉದ್ದಕ್ಕೆ ಕಡಿದರೂ ಎರಡೂ ಸಮ ತೂಗುವುದಿಲ್ಲ. ಇದು ತಮಗೆ ನನಗಿಂತ ಚೆನ್ನಾಗಿ ಗೊತ್ತು. ಹಾಗಾದರೆ ಬುಡದಿಂದ ಸರಿಯಾಗಿ ಒಂದು ಮೀಟರ್ ದೂರದ ಆ ಜಾಗದಲ್ಲಿ ಕಬ್ಬಿನ ತೂಕ ಮೀಟರಿಗೆ ಎಷ್ಟರಂತೆ ಇದೆ? ಇದನ್ನೇ ರೇಖೀಯ ಸಾಂದ್ರತೆ ಎನ್ನುತ್ತಾರೆ.

ಮಕ್ಕಳು ಬುಡದಿಂದ ಒಂದೊಂದೇ ತುಂಡು ಕೂಡಿಸುತ್ತ ತೂಗಿದರು. ಗಣ್ಣು ಬಂದ ತುಂಡಿಗೊಂದು ಲೆಕ್ಕ, ಬರದ ತುಂಡಿಗೊಂದು ಲೆಕ್ಕ ಆಗಿ ಅಂಕಿಗಳು ಹಾರಾಡತೊಡಗಿದವು. ಆಗ ಉಪನ್ಯಾಸಕರು ಆ ಅಂಕಿಗಳ ನಡುವೆ ನುಣುಪಾದ ಒಂದು ಗೆರೆ ಎಳೆದು ಸಮೀಕರಣ ಬರೆದುಕೊಟ್ಟರು. ಬುಡದಿಂದ x ಮೀಟರ್‌ವರೆಗಿನ ತೂಕ 800x − 100x² ಗ್ರಾಂ. ಒಂದು ಮೀಟರಿನಿಂದ ಒಂದೂವರೆ ಮೀಟರ್‌ವರೆಗಿನ ತುಂಡು 275 ಗ್ರಾಂ, ಅಂದರೆ ಮೀಟರಿಗೆ 550. ಅಲ್ಲಿಂದಲೇ ಬರೀ 10 ಸೆಂಟಿಮೀಟರ್ ತೆಗೆದುಕೊಂಡರೆ 59 ಗ್ರಾಂ, ಮೀಟರಿಗೆ 590. ಒಂದೇ ಸೆಂಟಿಮೀಟರ್ ತೆಗೆದುಕೊಂಡರೆ ಮೀಟರಿಗೆ 599.

ಇಲ್ಲಿ ಒಬ್ಬ ಹುಡುಗಿ ಎದ್ದು ನಿಂತು, "ಸರ, ಬಿಂದುವಿಗೆ ಉದ್ದನ ಇಲ್ಲ, ಅಲ್ಲಿ ತೂಕ ಎಲ್ಲಿಂದ ಬರ್ತದ್ರಿ?" ಎಂದಳು. ಹಿಂದಿನ ಬೆಂಚಿನಲ್ಲಿ ಕೂತಿದ್ದ ನನಗೆ ಆ ಎರಡು ತಾಸು ಸಾರ್ಥಕವೆನಿಸಿದ್ದು ಆಗಲೇ. ಬಿಂದುವಿಗೆ ತೂಕವಿಲ್ಲ, ಅವಳು ಹೇಳಿದ್ದು ಸರಿ. ಇರುವುದು ದರ. ತುಂಡು ಸಣ್ಣದಾದಷ್ಟೂ ಆ ದರ 600ಕ್ಕೆ ಹತ್ತಿರವಾಗುತ್ತ ಹೋಗುತ್ತದೆ, ಅದನ್ನು ದಾಟುವುದಿಲ್ಲ. ಹೀಗೆ ಒಂದು ಜಾಗದ ದರ ಕಂಡುಹಿಡಿಯುವ ಲೆಕ್ಕವೇ ಅವಕಲನ. ಅದನ್ನು ಮಾಡಿದರೆ ಸಿಗುವ 800 − 200x ಎಂಬ ಒಂದು ಸಾಲು ಕಬ್ಬಿನ ಪ್ರತಿ ಜಾಗದ ದರವನ್ನೂ ಹೇಳುತ್ತದೆ: ಬುಡದಲ್ಲಿ 800, ನಡುವೆ 600, ತುದಿಯಲ್ಲಿ 400. ಸೂತ್ರವನ್ನು ಮಕ್ಕಳು ಮೊದಲೇ ಬಾಯಿಪಾಠ ಮಾಡಿದ್ದರು. ಅದು ಏಕೆ ಬೇಕು ಎನ್ನುವುದು ತಿಳಿದದ್ದು ಕಬ್ಬಿನಿಂದ.

ಕಬ್ಬಿಗೆ ಮಾತ್ರ ಸೀಮಿತವಾದ ಲೆಕ್ಕವೂ ಇದಲ್ಲ. ನಮ್ಮ ಇಳಕಲ್ಲಿನ ಗ್ರಾನೈಟ್ ನೀರಿಗಿಂತ ಸುಮಾರು 2.7 ಪಟ್ಟು ಭಾರ, ಭೂಮಿಯ ಸರಾಸರಿ ಸಾಂದ್ರತೆ ಮಾತ್ರ ನೀರಿನ 5.5 ಪಟ್ಟು. ಒಳಗೆ ಭಾರ ಹೆಚ್ಚಿದೆ ಎಂದು ಸರಾಸರಿಯೇ ಹೇಳುತ್ತದೆ, ಎಷ್ಟು ಆಳಕ್ಕೆ ಎಷ್ಟು ಹೆಚ್ಚುತ್ತದೆ ಎಂದು ಹೇಳುವುದಿಲ್ಲ.

ಈಗ ತಮಗೆ ಹಿಡಿಸದ ಮಾತಿಗೆ ಬರುತ್ತೇನೆ. ಶನಿವಾರದ ಕೊನೆಯ ಎರಡು ತಾಸು ಈ ಕೆಲಸಕ್ಕೇ ಮೀಸಲು. ಟ್ಯೂಷನ್ ಇದೆಯೆಂದು ಹತ್ತು ಗಂಟೆಗೆ ಗೇಟಿನ ಹತ್ತಿರ ಬೈಕ್ ನಿಲ್ಲಿಸುವುದು ಇನ್ನು ನಡೆಯುವುದಿಲ್ಲ. ನಾನು ಟ್ಯೂಷನ್ ವಿರೋಧಿಯಲ್ಲ. ತಾವು ಹೊಟ್ಟೆ ಬಟ್ಟೆ ಕಟ್ಟಿ ಅದರ ಫೀ ತುಂಬುತ್ತಿರುವುದೂ ಗೊತ್ತಿದೆ. ಆದರೂ ಟ್ಯೂಷನ್ ಸಮಯವನ್ನು ಮಧ್ಯಾಹ್ನಕ್ಕೆ ಹಾಕಿಸಿಕೊಳ್ಳಬಹುದು, ಈ ತಾಸನ್ನು ಹಾಗೆ ಸರಿಸಲು ಬರುವುದಿಲ್ಲ. ಪ್ರಯೋಗಾಲಯದ ತಕ್ಕಡಿಗಳು ಬಿಡುವಾಗುವುದೇ ಆ ಹೊತ್ತಿಗೆ. ಹೊಲಕ್ಕೆ ಕಟಾವಿನ ಗ್ಯಾಂಗ್ ಬಂದು ಮನೆಯಲ್ಲಿ ಮಗುವಿನ ಅವಶ್ಯಕತೆ ಇದ್ದರೆ ಹಿಂದಿನ ದಿನವೇ ತಿಳಿಸಿ, ಇಲ್ಲವೆನ್ನುವುದಿಲ್ಲ. ಟ್ಯೂಷನ್‌ಗೆ ಮಾತ್ರ ಆ ರಿಯಾಯಿತಿ ಇಲ್ಲ. ಮಕ್ಕಳು ಬರೆಯುವ ವರದಿಯನ್ನು ಆಂತರಿಕ ಮೌಲ್ಯಮಾಪನದ ಪ್ರಾಜೆಕ್ಟ್‌ಗೆ ಪರಿಗಣಿಸುತ್ತೇವೆ, ಹಾಗಾಗಿ ಈ ಶ್ರಮ ಅಂಕಕ್ಕೆ ಹೊರಗಿನದಲ್ಲ.

ದಯವಿಟ್ಟು ಶನಿವಾರ 12 ಗಂಟೆಗೆ ಮೊದಲು ಮಕ್ಕಳನ್ನು ಕರೆದೊಯ್ಯಲು ಬರಬೇಡಿ.

ಬರುವ ಶನಿವಾರ ಇದೇ ಲೆಕ್ಕವನ್ನು ಹಿಂದುಮುಂದಾಗಿ ಮಾಡುತ್ತಾರೆ. ದರ ಗೊತ್ತಿದ್ದರೆ ಅದನ್ನು ಕೂಡಿಸುತ್ತ ಹೋಗಿ ಇಡೀ ಕಬ್ಬಿನ 1.2 ಕೆಜಿ ಮರಳಿ ಪಡೆಯುವುದು, ಅಂದರೆ ಅನುಕಲನ. ಸಂಶಯವಿದ್ದವರು ಬಂದು ವರ್ಗದಲ್ಲಿಯೇ ಕುಳಿತು ನೋಡಬಹುದು. ಕಬ್ಬು ಕಾಲೇಜಿನದೇ ಇರುತ್ತದೆ, ಮನೆಯಿಂದ ಹೊರೆ ಕಳಿಸುವುದು ಬೇಡ.

ತಮ್ಮ ವಿಶ್ವಾಸಿ,
ಪ್ರಾಚಾರ್ಯರು