ತಟ್ಟೆಗೆ ಬಿದ್ದ 240 ರೂಪಾಯಿ

ತಂಬೂರಿ ಹಿಡಿದು ಮಂಟೇಸ್ವಾಮಿ ಕಥೆ ಹಾಡುವ ನೀಲಗಾರರ ಬಗ್ಗೆ ಮಾಡುತ್ತಿದ್ದ ನಮ್ಮ ಸಾಕ್ಷ್ಯಚಿತ್ರ ಕೊನೆಗೂ ಮುಗಿಯಿತು. 6 ವರ್ಷ ಹಿಡಿಯಿತು. ಕಳೆದ ವಾರ, ಚಿತ್ರದಲ್ಲಿ ಹಾಡಿದ ನೀಲಗಾರ ಅಯ್ಯನ ಊರಿನ ಶಾಲೆ ಅಂಗಳದಲ್ಲಿ ಬಿಳಿ ಪಂಚೆ ಕಟ್ಟಿ ಮೊದಲ ಸಲ ತೋರಿಸಿದೆವು. ಅವತ್ತಿನ ಗಡಿಬಿಡಿಯಲ್ಲಿ ಯಾರಿಗೂ ನೆಟ್ಟಗೆ ಥ್ಯಾಂಕ್ಸ್ ಹೇಳಲಿಲ್ಲ.

ಇದಕ್ಕೂ ಮೊದಲು ನಾನು ಮಾಡಿದ್ದು ಕಾಶಿ, ಹರಿದ್ವಾರದ ಚಿತ್ರಗಳು. ಹೊಗೆ, ಗಂಟೆ, ಆರತಿ, ಮೇಲಿಂದ ಒಂದು ಡ್ರೋನ್ ಶಾಟ್. ಅಧ್ಯಾತ್ಮ ಅಂದರೆ ಅಷ್ಟೇ ಅಂದುಕೊಂಡಿದ್ದೆ. ಕೊಳ್ಳೇಗಾಲದ ಕಡೆಯ ಚಿಕ್ಕಲ್ಲೂರು ಜಾತ್ರೆಗೆ ಹೋಗಿದ್ದೂ ಸುಮ್ನೆ, ಗೆಳೆಯ ಕರೆದ ಅಂತ. ಜನವರಿ ಹುಣ್ಣಿಮೆ ರಾತ್ರಿ, ಕೊರೆಯುವ ಚಳಿ. ಚಂದ್ರಮಂಡಲ ಅನ್ನೋ ಬಿದಿರಿನ ಚೌಕಟ್ಟಿಗೆ ಬೆಂಕಿ ಹಚ್ಚಿದರು. ಯಾವ ದಿಕ್ಕಿಗೆ ಜೋರಾಗಿ ಉರಿಯುತ್ತೋ ಆ ಸೀಮೆಗೆ ಒಳ್ಳೇ ಮಳೆ ಬೆಳೆ ಅನ್ನೋ ನಂಬಿಕೆ. ಎಲ್ಲರ ಕಣ್ಣೂ ಬೆಂಕಿ ಮೇಲೆ. ನನಗೆ ಬೆನ್ನ ಹಿಂದಿನಿಂದ ತಂಬೂರಿ ಕೇಳಿಸಿತು. ಕಂಬಳಿ ಹೊದ್ದ ಅಯ್ಯ ಒಬ್ಬರು ಒಂದು ಕೈಲಿ ತಂಬೂರಿ ಮೀಟುತ್ತಾ, ಇನ್ನೊಂದು ಕೈಲಿ ಲೋಹದ ಬಳೆಯಂಥ ಗಗ್ಗರ ಕುಲುಕುತ್ತಾ, ಮಂಟೇಸ್ವಾಮಿಯ ಶಿಷ್ಯ ಸಿದ್ದಪ್ಪಾಜಿ ಹಲಗೂರಿಗೆ ಕಬ್ಬಿಣದ ಭಿಕ್ಷೆಗೆ ಹೋದ ಕಥೆ ಹಾಡುತ್ತಿದ್ದರು. ಬೆಳಗಿನ ತನಕ ಹಾಡಿದರು. ನನ್ನ ಬ್ಯಾಟರಿ ಎರಡು ಗಂಟೆಗೇ ಸತ್ತಿತ್ತು.

ಮೊದಲ ನಮಸ್ಕಾರ ಆ ಅಯ್ಯನಿಗೆ. ಒಂದಿಡೀ ವರ್ಷ ಅವರು ಮನೆಯಲ್ಲಿ ಕ್ಯಾಮೆರಾ ತೆಗೆಯಲು ಬಿಡಲಿಲ್ಲ. "ಮೊದ್ಲು ಸೊಲ್ಲು ಹಿಡಿ ಕನಪ್ಪ, ಆಮೇಲ್ ಪೋಟ ಹಿಡಿವಂತೆ" ಅಂದರು. ಹಿಮ್ಮೇಳದವರ ಪಕ್ಕ ಕೂತು ಸೊಲ್ಲು, ಅಂದರೆ ಹಾಡಿನ ಪಲ್ಲವಿ, ಹೇಳಿದೆ. ಅಯ್ಯನ ಮೊಮ್ಮಗಳು ಬಿದ್ದು ಬಿದ್ದು ನಕ್ಕಳು. ಆದರೆ ಹಾಡು ಎಲ್ಲಿ ಉಸಿರು ತಗೊಳ್ಳುತ್ತೆ, ಎಲ್ಲಿ ಕಟ್ ಮಾಡಬಾರದು ಅಂತ ಗೊತ್ತಾಗಿದ್ದು ಅಲ್ಲೇ. ಎಡಿಟಿಂಗ್ ಕಲಿತಿದ್ದು ಅವರ ಜಗಲಿ ಮೇಲೆ ಅಂದರೆ ತಪ್ಪಲ್ಲ. ಆ ಮನೆಯ ಅಮ್ಮ, ನೀವು ಬಡಿಸಿದ ಮುದ್ದೆ, ಉಪ್ಸಾರಿಗೆ ಲೆಕ್ಕವೇ ಇಲ್ಲ.

ದುಡ್ಡು ಕೊಡ್ತೀವಿ ಅಂದಿದ್ದ ಒಬ್ಬರು ಜಾತ್ರೆಯ ಪಂಕ್ತಿಸೇವೆಯ ಮಾಂಸದೂಟದ ದೃಶ್ಯ ತೆಗೀರಿ, ಅದು ಅಧ್ಯಾತ್ಮ ಅಲ್ಲ ಅಂದರು. ಜಾತಿ ಕೇಳದೆ ಸಾಲಾಗಿ ಕೂತು ಉಣ್ಣೋದು ಅಲ್ಲದಿದ್ದರೆ ಇನ್ಯಾವುದು? ದೃಶ್ಯ ಉಳಿಯಿತು, ದುಡ್ಡು ಬರಲಿಲ್ಲ. ಆಗ ಕೇಳದೇನೇ ಸರ ಅಡ ಇಟ್ಟವಳು ಅಕ್ಕ. ಅಕ್ಕಾ, ಇನ್ನೂ ಬಿಡಿಸಿಕೊಟ್ಟಿಲ್ಲ, ನೆನಪಿದೆ. ಗಗ್ಗರದ ಸದ್ದಲ್ಲಿ ಅಯ್ಯನ ದನಿ ಮುಳುಗದ ಹಾಗೆ ಮೈಕನ್ನು ಅವರ ಟವೆಲ್ ಮಡಿಕೆಯಲ್ಲಿ ಬಚ್ಚಿಟ್ಟ ಸೌಂಡ್ ಗೆಳೆಯ ಒಂದು ರೂಪಾಯಿ ಕೂಡ ಮುಟ್ಟಲಿಲ್ಲ. ಐನೂರು, ಸಾವಿರ ಅಂತ ಕಳಿಸಿದ ನಿಮ್ಮೆಲ್ಲರ ಹೆಸರೂ ಚಿತ್ರದ ಕೊನೆಯಲ್ಲಿದೆ. ತಪ್ಪಿದ್ದರೆ ಬೈಯಿರಿ, ತಿದ್ದುತ್ತೇನೆ.

ಅವತ್ತು ಚಿತ್ರ ಓಡುವಾಗ ಒಬ್ಬ ಅಜ್ಜಿ ಎದ್ದು ಬಂದು ಪರದೆ ಮುಂದೆ ಕರ್ಪೂರ ಹಚ್ಚಿದರು. ಪಂಚೆಗೆ ಬೆಂಕಿ ಹತ್ತೀತು ಅಂತ ನಾವು ಓಡಿದೆವು. ಆಮೇಲೆ ಯಾರೋ ತಟ್ಟೆ ಇಟ್ಟರು, ಜನ ಕಾಸು ಹಾಕಿದರು. ಎಣಿಸಿದರೆ 240 ರೂಪಾಯಿ. ಪೂರ್ತಿ ತಂದು ಅಯ್ಯನ ಕೈಗಿಟ್ಟೆ. ಅವರು ನೂರಿಪ್ಪತ್ತು ಎಣಿಸಿ ನನಗೇ ವಾಪಸ್ ಕೊಟ್ಟರು.

"ತಕೊ. ನೀನೂವೆ ನಿದ್ದೆಗೆಟ್ಟಿದ್ದೀಯಲ್ಲ."